ಸರಾಸರಿಯಲ್ಲಿ ನಮ್ಮ ಹೊಲ ಇಲ್ಲ

ಆಫೀಸಿನ ಕ್ಯಾಂಟೀನಿನಲ್ಲಿ ಮಧ್ಯಾಹ್ನದ ಊಟ ನಡೆದಿತ್ತು. ಗೋಡೆಯ ಟೀವಿಯಲ್ಲಿ ಮುಂಗಾರಿನ ಸುದ್ದಿ. 'ಈ ಸಲ ಮಳೆ ನಾರ್ಮಲ್' ಅಂತ ಕೆಳಗಿನ ಪಟ್ಟಿಯಲ್ಲಿ ಓಡಿತು. ಎದುರಿಗೆ ಕೂತಿದ್ದ ಗೆಳೆಯ ಚಪಾತಿ ಮುರಿಯುತ್ತಾ ಹೇಳಿದ: "ನೋಡಪ್ಪಾ, ಮಳೆ ನಾರ್ಮಲ್ ಅಂತೆ. ಆದ್ರೂ ನಿಮ್ಮ ಕಡೆಯವರು ವಿಮೆ, ಪರಿಹಾರ, ಸಾಲ ಮನ್ನಾ ಅಂತ ಕೇಳ್ತಾನೇ ಇರ್ತಾರೆ."

ಅವನು ಕೆಟ್ಟವನಲ್ಲ. ನನ್ನ ಟೀಮಿನಲ್ಲಿ ಅವನಷ್ಟು ಚೆನ್ನಾಗಿ ಲೆಕ್ಕ ತಿಳಿದವರು ಕಮ್ಮಿ. ಸಿಟ್ಟು ಬಂದಿದ್ದು ಅದಕ್ಕೇ.

ಅದೇ ವಾರ ಮಂಠಾಳದಿಂದ ಅಪ್ಪ ಫೋನ್ ಮಾಡಿದ್ದ. ಬಸವಕಲ್ಯಾಣ ತಾಲ್ಲೂಕಿನ ಒಂದು ಹೋಬಳಿ ನಮ್ಮದು. ಸೋಯಾ, ತೊಗರಿ, ಉದ್ದು, ಹೆಸರು, ಹಿಂಗಾರಿಗೆ ಜೋಳ, ಕಡಲೆ. ಬಹಳಷ್ಟು ಜನರ ಬೇಸಾಯ ಇವತ್ತಿಗೂ ಮಳೆಯ ಮೇಲೇ ನಿಂತಿದೆ. ಅಪ್ಪ ಹೇಳಿದ: "ಸೋಯಾ ಹೂ ಬಿಡೋ ಹೊತ್ತಿನ್ಯಾಗ ಇಪ್ಪತ್ತು ದಿನ ಒಂದ್ ಹನಿ ಬೀಳಲಿಲ್ಲಪಾ. ಆಮ್ಯಾಲ ಎರಡ ದಿನದಾಗ ಹುಯ್ದು ಎಲ್ಲಾ ಹಳ್ಳಕ್ಕ ಹರ್ದು ಹೋಯ್ತು. ಮ್ಯಾಲಿನವರ ಲೆಕ್ಕದಾಗ ಮಳಿ ಬರೋಬರ್ ಆಗ್ಯಾದಂತ. ಬರೋಬರ್ ಆಗಿದ್ರ ನನ್ನ ಚೀಲ ಯಾಕ ಖಾಲಿ ಅದಾವ?"

ಅಪ್ಪನ ಪ್ರಶ್ನೆಗೆ ಉತ್ತರ ನನ್ನ ಗೆಳೆಯನಿಗೆ ಗೊತ್ತು. ನಿಮಗೂ ಗೊತ್ತು. ದಿನಾ ಆಫೀಸಿನಲ್ಲಿ ಅದೇ ಉತ್ತರದ ಮೇಲೆ ಸಂಬಳ ತಗೋತೀವಿ. ಊರಿನ ವಿಷಯ ಬಂದಾಗ ಮಾತ್ರ ಮರೆತುಬಿಡ್ತೀವಿ.

ನಮ್ಮ ಕೆಲಸದ ಒಂದು ಸಣ್ಣ ಲೆಕ್ಕ ನೋಡಿ. ಒಂದು ಸರ್ವರ್‌ಗೆ 100 ಬೇಡಿಕೆ ಬಂದವು ಎಂದುಕೊಳ್ಳಿ. 98ಕ್ಕೆ 100 ಮಿಲಿಸೆಕೆಂಡಿನಲ್ಲಿ ಉತ್ತರ ಹೋಯಿತು. ಉಳಿದ ಎರಡಕ್ಕೆ ತಲಾ 10 ಸೆಕೆಂಡು ಹಿಡಿಯಿತು. ಸರಾಸರಿ ಎಷ್ಟು? 298 ಮಿಲಿಸೆಕೆಂಡು. ನೋಡೋಕೆ ಚೆನ್ನಾಗೇ ಇದೆ. ಆದರೆ 'ಸರಾಸರಿ 298, ಎಲ್ಲ ಸರಿ ಇದೆ' ಅಂತ ಮೀಟಿಂಗಿನಲ್ಲಿ ಹೇಳಿ ನೋಡಿ. ಮೊನ್ನೆ ಸೇರಿದ ಹುಡುಗಿ ಕೂಡ ಕೇಳ್ತಾಳೆ: "ಪಿ99 ಎಷ್ಟು?" ಅಂದರೆ ಉತ್ತರದ ಸಮಯಗಳನ್ನೆಲ್ಲ ಸಣ್ಣದರಿಂದ ದೊಡ್ಡದಕ್ಕೆ ಸಾಲಾಗಿ ನಿಲ್ಲಿಸಿದರೆ 99ನೇ ಜಾಗದಲ್ಲಿ ಇರುವವನ ಗತಿ ಏನು ಅಂತ. ಇಲ್ಲಿ ಅವನು 10 ಸೆಕೆಂಡು ಕಾಯುತ್ತಾ ಕೂತಿದ್ದಾನೆ. ಅವನಿಗೋಸ್ಕರ ರಾತ್ರಿ ಎರಡು ಗಂಟೆಗೆ ನಮ್ಮನ್ನು ಎಬ್ಬಿಸ್ತಾರೆ, ನಾವೂ ಎದ್ದು ಕೂರ್ತೀವಿ.

ಸೀರೆ ಆರ್ಡರ್ ಮಾಡುವ ಗಿರಾಕಿಗೆ ಸರಾಸರಿ ಸಾಲದು ಅಂತ ನಮಗೆ ಗೊತ್ತು. ಬಿತ್ತಿದವನಿಗೆ ಸರಾಸರಿ ಸಾಕು ಅಂತ ಯಾರು ಹೇಳಿದರು?

ಇಂಜಿನಿಯರಿಂಗ್‌ನಲ್ಲಿ ಮಾನಕ ವಿಚಲನೆಯ ಸೂತ್ರವನ್ನು ನಾನೂ ಬಾಯಿಪಾಠ ಮಾಡಿ, ಪರೀಕ್ಷೆ ಬರೆದು, ಮರೆತವನು. ಅದು ಏನು ಹೇಳುತ್ತದೆ ಅಂತ ಅರ್ಥವಾಗಿದ್ದು ಅಪ್ಪನ ಹೊಲದ ಲೆಕ್ಕಕ್ಕೆ ಕೂತಾಗ. ಇದು ಹರವಿನ ಲೆಕ್ಕ. ಪಠ್ಯಪುಸ್ತಕದವರು ಪ್ರಸರಣ ಅಂತಾರೆ. ಅಂಕಿಗಳು ಸರಾಸರಿಯ ಸುತ್ತ ಒತ್ತಾಗಿ ಕೂತಿವೆಯೋ, ದಿಕ್ಕಾಪಾಲಾಗಿ ಚದುರಿವೆಯೋ ಅಂತ ತಿಳಿಯುವುದು, ಅಷ್ಟೇ.

ಎರಡು ಹೊಲ ಇವೆ ಎಂದುಕೊಳ್ಳಿ. ಅಂಕಿಗಳು ಲೆಕ್ಕಕ್ಕೆ ಅಂತ ನಾನೇ ಇಟ್ಟವು. ಮೊದಲನೆಯದಕ್ಕೆ ಬಾವಿ ಇದೆ. ಏಳು ವರ್ಷದ ಸೋಯಾ ಇಳುವರಿ ಎಕರೆಗೆ 5, 6, 6, 6, 6, 6, 7 ಕ್ವಿಂಟಲ್. ಎರಡನೆಯದು ಮಳೆ ನಂಬಿದ್ದು. ಅದರದು 1, 3, 5, 6, 7, 9, 11. ಎರಡನ್ನೂ ಕೂಡಿಸಿ, 42 ಬರುತ್ತದೆ. 7ರಿಂದ ಭಾಗಿಸಿ, 6. ಸರಾಸರಿ ಒಂದೇ. ತಾಲ್ಲೂಕು ಕಚೇರಿಯ ಕಾಗದದಲ್ಲಿ ಈ ಇಬ್ಬರು ರೈತರೂ ಒಂದೇ.

ಈಗ ಹರವು ನೋಡೋಣ. ಎಲ್ಲಕ್ಕಿಂತ ಸುಲಭದ ಅಳತೆ ವ್ಯಾಪ್ತಿ, ಅಂದರೆ ದೊಡ್ಡದರಲ್ಲಿ ಸಣ್ಣದನ್ನು ಕಳೆಯುವುದು. ಬಾವಿ ಹೊಲಕ್ಕೆ 2, ಮಳೆ ಹೊಲಕ್ಕೆ 10. ಇದರ ದೋಷ ಏನೆಂದರೆ ಎರಡೇ ಎರಡು ವರ್ಷ ನೋಡುತ್ತದೆ, ನಡುವಿನ ಐದನ್ನು ಬಿಡುತ್ತದೆ. ಅದಕ್ಕೆ ಚತುರ್ಥಕ ಅಂತ ಇನ್ನೊಂದು ಇದೆ. ಸಾಲಾಗಿ ನಿಲ್ಲಿಸಿ ನಾಲ್ಕು ಪಾಲು ಮಾಡಿ, ಮೊದಲ ಮತ್ತು ಮೂರನೆಯ ಗೆರೆಗಳ ಅಂತರ ನೋಡುವುದು. ಮಳೆ ಹೊಲದಲ್ಲಿ ಆ ಗೆರೆಗಳು 3 ಮತ್ತು 9, ಅಂತರ 6. ಬಾವಿ ಹೊಲದಲ್ಲಿ 6 ಮತ್ತು 6, ಅಂತರ ಸೊನ್ನೆ. ನಮ್ಮ ಪಿ99 ಇದೇ ಮನೆತನದ್ದು. ಅಲ್ಲಿ ನಾಲ್ಕು ಪಾಲಿನ ಬದಲು ನೂರು ಪಾಲು.

ಎಲ್ಲ ಏಳು ವರ್ಷವನ್ನೂ ಲೆಕ್ಕಕ್ಕೆ ತಗೋಬೇಕು ಅಂದರೆ ಪ್ರತಿ ವರ್ಷ ಸರಾಸರಿಯಿಂದ ಎಷ್ಟು ದೂರ ಇದೆ ಅಂತ ನೋಡಬೇಕು. ಮಳೆ ಹೊಲಕ್ಕೆ -5, -3, -1, 0, 1, 3, 5. ಹಾಗೇ ಕೂಡಿಸಿದರೆ ಸೊನ್ನೆ. ಯಾವ ಅಂಕಿಗಳನ್ನು ತಗೊಂಡರೂ ಸೊನ್ನೆಯೇ, ಯಾಕೆಂದರೆ ಸರಾಸರಿ ಅಂದರೇನೇ ಮೇಲಿನದೂ ಕೆಳಗಿನದೂ ವಜಾ ಆಗುವ ಜಾಗ. ಆದ್ದರಿಂದ ವರ್ಗ ಮಾಡ್ತೀವಿ: 25, 9, 1, 0, 1, 9, 25. ಒಟ್ಟು 70. ಏಳರಿಂದ ಭಾಗಿಸಿದರೆ 10. ವರ್ಗಮೂಲ ಸುಮಾರು 3.2 ಕ್ವಿಂಟಲ್. ಇದು ಮಾನಕ ವಿಚಲನೆ. ಬಾವಿ ಹೊಲಕ್ಕೆ ಇದೇ ಲೆಕ್ಕ ಹಾಕಿದರೆ ಸುಮಾರು 0.5. ಇದನ್ನು ಸರಾಸರಿಯಿಂದ ಭಾಗಿಸಿ ಶೇಕಡಾವಾರು ಹೇಳಿದರೆ ಕೋಎಫಿಶಿಯೆಂಟ್ ಆಫ್ ವೇರಿಯೇಷನ್, ಚಿಕ್ಕದಾಗಿ ಸಿ.ವಿ. ಬಾವಿ ಹೊಲದ್ದು ಶೇ. 9, ಮಳೆ ಹೊಲದ್ದು ಶೇ. 53. ಈ ಸಿ.ವಿ.ಯನ್ನು ನೆನಪಿಡಿ, ಮುಂದೆ ಬೇಕಾಗುತ್ತದೆ.

ಬೀಜ, ಗೊಬ್ಬರ, ಕಳೆ ತೆಗೆಸಿದ್ದು, ರಾಶಿ ಮಷೀನಿನ ಬಾಡಿಗೆ ಎಲ್ಲ ಸೇರಿ ಎಕರೆಗೆ 4 ಕ್ವಿಂಟಲಿನ ಬೆಲೆಯಷ್ಟು ಖರ್ಚು ಅಂತ ಇಟ್ಟುಕೊಳ್ಳೋಣ. ಬಾವಿ ಹೊಲದವನು ಏಳು ವರ್ಷದಲ್ಲಿ ಒಮ್ಮೆಯೂ ಮುಳುಗಲಿಲ್ಲ. ಮಳೆ ಹೊಲದವನು ಎರಡು ವರ್ಷ ಮುಳುಗಿದ. ಆ ಎರಡೂ ವರ್ಷ ಒಂದರ ಹಿಂದೊಂದು ಬಂದರೆ? ಸಾಲಕ್ಕೆ ಬಡ್ಡಿ, ಬಡ್ಡಿಗೆ ಬಡ್ಡಿ. 11 ಕ್ವಿಂಟಲ್ ಬೆಳೆಯುವ ವರ್ಷ ಬರುವ ಹೊತ್ತಿಗೆ ಎತ್ತು ಮಾರಿರುತ್ತದೆ, ಮಗಳ ಕಾಲೇಜು ನಿಂತಿರುತ್ತದೆ. ಇಳುವರಿ ಬಂದಾಗ ಎಲ್ಲರಿಗೂ ಬಂದಿರುತ್ತದಲ್ಲ, ಬಜಾರಿನಲ್ಲಿ ದರವೂ ಬಿದ್ದಿರುತ್ತದೆ. ಯಾವ ವರ್ಷದ ಹಿಂದೆ ಯಾವ ವರ್ಷ ಬಂತು ಅನ್ನುವುದನ್ನು ಮಾನಕ ವಿಚಲನೆಯೂ ಹೇಳುವುದಿಲ್ಲ. ಅದಕ್ಕೂ ಒಂದು ಕುರುಡು ಇದೆ. ಆದರೆ ಬರೀ ಸರಾಸರಿಗಿಂತ ಅದು ಎಷ್ಟೋ ಮೇಲು. ಕೊನೇ ಪಕ್ಷ ಇಲ್ಲಿ ಅಪಾಯ ಇದೆ ಅಂತಾದರೂ ಕೂಗುತ್ತದೆ.

ಈಗ ಕ್ಯಾಂಟೀನಿನ ಟೀವಿಗೆ ಬರೋಣ. 'ನಾರ್ಮಲ್' ಅಂದರೆ ಏನು? ಹವಾಮಾನ ಇಲಾಖೆಯ ಪ್ರಕಾರ ಇಡೀ ದೇಶಕ್ಕೆ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ದೀರ್ಘಾವಧಿಯ ಸರಾಸರಿ 87 ಸೆಂ.ಮೀ. ಮಳೆ. ಇದು 1971ರಿಂದ 2020ರವರೆಗಿನ ಲೆಕ್ಕ. ಅದರ ಶೇ. 96ರಿಂದ 104ರ ಒಳಗೆ ಬಿದ್ದರೆ ದೇಶಕ್ಕೆ ನಾರ್ಮಲ್. ದೇಶದ ಮಟ್ಟದಲ್ಲಿ ಈ ಮಳೆಯ ಮಾನಕ ವಿಚಲನೆ ಸರಾಸರಿಯ ಸುಮಾರು ಶೇ. 10 ಮಾತ್ರ. ಯಾಕಷ್ಟು ಕಮ್ಮಿ? ಒಂದು ಕಡೆ ಕೊಚ್ಚಿಕೊಂಡು ಹೋದದ್ದು, ಇನ್ನೊಂದು ಕಡೆ ಒಣಗಿದ್ದು ಎರಡೂ ಸೇರಿ ವಜಾ ಆಗುತ್ತವೆ. ಪ್ರದೇಶ ದೊಡ್ಡದಾದಷ್ಟೂ ಅಂಕಿ ಸಪಾಟಾಗುತ್ತದೆ. ಕೆಳಗೆ ಬಂದರೆ ಉಪವಿಭಾಗ ಸಿಗುತ್ತದೆ. ಕರ್ನಾಟಕಕ್ಕೆ ಅಂಥವು ಮೂರೇ: ಕರಾವಳಿ, ಉತ್ತರ ಒಳನಾಡು, ದಕ್ಷಿಣ ಒಳನಾಡು. ಮಲೆನಾಡಿನ ಸೆರಗಿಗಿರುವ ಬೆಳಗಾವಿಯೂ ನಮ್ಮ ಬೀದರೂ ಒಂದೇ ಉತ್ತರ ಒಳನಾಡಿನಲ್ಲಿ. ಅಲ್ಲಿ ಸರಾಸರಿಗಿಂತ ಶೇ. 19 ಹೆಚ್ಚಾದರೂ ಕಮ್ಮಿಯಾದರೂ ನಾರ್ಮಲ್.

ಇಷ್ಟೆಲ್ಲ ಜಾಗದ ಹರವಾಯಿತು. ಕಾಲದ ಹರವು ಇನ್ನೂ ಇದೆ. ಎರಡು ಊರಿಗೂ ಒಂದು ತಿಂಗಳಲ್ಲಿ 160 ಮಿ.ಮೀ. ಮಳೆ ಬಂತು ಎಂದುಕೊಳ್ಳಿ. ಒಂದರಲ್ಲಿ ನಾಲ್ಕು ವಾರ ತಲಾ 40. ಇನ್ನೊಂದರಲ್ಲಿ 0, 0, 20, 140. ವಾರದ ಸರಾಸರಿ ಎರಡಕ್ಕೂ 40. ಎರಡನೆಯ ಊರಿನ ಮಾನಕ ವಿಚಲನೆ 58, ಸರಾಸರಿಗಿಂತಲೂ ದೊಡ್ಡದು. ಮೊದಲ ಊರಿನವನು ಕಳೆ ತೆಗೆಯುತ್ತಿದ್ದಾನೆ. ಎರಡನೆಯವನು ಮೊದಲು ಮೋಡ ನೋಡಿದ, ಆಮೇಲೆ ಒಡೆದುಹೋದ ಬದು ನೋಡಿದ. ಇಬ್ಬರ ತಿಂಗಳ ಲೆಕ್ಕದಲ್ಲೂ 160 ಮಿ.ಮೀ. ಎಂದೇ ಬರೆದಿರುತ್ತದೆ.

ನಮ್ಮ ಹಳ್ಳಿಗಳ ಹಿರಿಯರಿಗೆ ಈ ಸೂತ್ರ ಗೊತ್ತಿರಲಿಲ್ಲ, ವಿಷಯ ಗೊತ್ತಿತ್ತು. ಯಾವ ರೈತನೂ 'ಈ ವರ್ಷ ಇಷ್ಟು ಮಿಲಿಮೀಟರ್ ಆಯ್ತು' ಅಂತ ಮಾತಾಡುವುದಿಲ್ಲ. 'ಮಿರಗಾ ಚಲೋ ಆಯ್ತು, ಆರಿದ್ರಾ ಕೈ ಕೊಡ್ತು, ಮಘಿ ಹಿಡೀತು' ಅಂತಾನೆ. ಒಂದೊಂದು ನಕ್ಷತ್ರದ ಮಳೆ ಹದಿಮೂರು ಹದಿನಾಲ್ಕು ದಿನದ ಒಂದು ಡಬ್ಬಿ. ಅವನು ಒಟ್ಟು ಮೊತ್ತ ಹೇಳದೆ ಡಬ್ಬಿ ಡಬ್ಬಿಯಾಗಿ ಹೇಳ್ತಾನೆ. ನಾವು ಇದನ್ನೇ ಸ್ಕ್ರೀನಿನ ಮೇಲೆ ಹಿಸ್ಟೋಗ್ರಾಮ್ ಅಂತ ಬಿಡಿಸಿ ಮ್ಯಾನೇಜರಿಗೆ ತೋರಿಸ್ತೀವಿ.

ಇಷ್ಟು ಓದಿದವರು 'ಸರ್ಕಾರಕ್ಕೆ, ವಿಮೆಯವರಿಗೆ ಈ ಹರವಿನ ಲೆಕ್ಕ ಗೊತ್ತಿಲ್ಲ, ಪಾಪ' ಅಂದುಕೊಳ್ಳಬಹುದು. ನಾನೂ ಹಾಗೇ ಅಂದುಕೊಂಡಿದ್ದೆ. ನಿಯಮಗಳನ್ನು ಓದಿದ ಮೇಲೆ ನನ್ನ ತಪ್ಪು ತಿಳಿಯಿತು. ಅವರಿಗೆ ಚೆನ್ನಾಗಿ ಗೊತ್ತು.

1999-2000ರ ಹಿಂಗಾರಿಯಿಂದ ರಾಷ್ಟ್ರೀಯ ಕೃಷಿ ವಿಮಾ ಯೋಜನೆ ಬಂತು. ಅದರಲ್ಲಿ ಹಿಂದಿನ ವರ್ಷಗಳ ಸರಾಸರಿ ಇಳುವರಿಯ ಇಂತಿಷ್ಟು ಪಾಲಿಗೆ ಮಾತ್ರ ರಕ್ಷಣೆ. ಆ ಪಾಲು ಶೇ. 90, 80 ಅಥವಾ 60. ಯಾವ ಪ್ರದೇಶಕ್ಕೆ ಎಷ್ಟು ಅಂತ ನಿರ್ಧರಿಸಿದ್ದು ಹತ್ತು ವರ್ಷದ ಇಳುವರಿಯ ಸಿ.ವಿ. ನೋಡಿ. ಹೌದು, ನಾವು ಆಗ ಲೆಕ್ಕ ಹಾಕಿದ ಅದೇ ಸಿ.ವಿ. ಹರವು ಕಮ್ಮಿ ಇದ್ದ ಕಡೆ ಶೇ. 90. ಹರವು ಹೆಚ್ಚಿದ್ದ ಕಡೆ ಶೇ. 60. ಎರಡೂ ಕಡೆ ಸರಾಸರಿ 6 ಕ್ವಿಂಟಲ್ ಎಂದೇ ಇಟ್ಟುಕೊಂಡರೆ ನೀರಾವರಿಯ ಸೀಮೆಗೆ 5.4ಕ್ಕಿಂತ ಇಳಿದರೆ ಪರಿಹಾರ. ಮಳೆ ನಂಬಿದ ಸೀಮೆಗೆ 3.6ಕ್ಕಿಂತ ಇಳಿಯುವವರೆಗೆ ಬಿಡಿಗಾಸಿಲ್ಲ.

ಇನ್ನೊಂದು ಸಲ ಓದಿಕೊಳ್ಳಿ. ಯಾರಿಗೆ ಕೊಡೆ ಹೆಚ್ಚು ಬೇಕೋ ಅವರಿಗೆ ಸಣ್ಣ ಕೊಡೆ.

ಇದಕ್ಕೆ ಅವರದೇ ಕಾರಣ ಇತ್ತು. ರೈತರ ಕಂತು ಒಂದೇ ಮಟ್ಟದಲ್ಲಿರಬೇಕು, ಅಪಾಯ ಹೆಚ್ಚಿದ್ದ ಕಡೆ ಪರಿಹಾರದ ಹೊರೆ ಮೇಲೇರುತ್ತದೆ, ಎಲ್ಲಾದರೂ ತಡೆ ಹಾಕಲೇಬೇಕು. ಲೆಕ್ಕದ ದೃಷ್ಟಿಯಿಂದ ತಪ್ಪೇನಿಲ್ಲ. ನನ್ನ ತಕರಾರು ಬೇರೆ. ಹರವಿನ ಅಳತೆ ಎಂಬ ಹತಾರವನ್ನು ಖಜಾನೆ ಕಾಯಲು ಬಳಸಿದರು. ಅದೇ ಹತಾರವನ್ನು ರೈತನ ಕೈಗೆ ಕೊಡಲಿಲ್ಲ. ಅವನಿಗೆ ಕೊಟ್ಟಿದ್ದು ಬರೀ ಸರಾಸರಿ.

2016ರ ಮುಂಗಾರಿನಿಂದ ಪ್ರಧಾನಮಂತ್ರಿ ಫಸಲ್ ಬಿಮಾ ಯೋಜನೆ ಬಂತು. ಹಲವು ವಿಷಯದಲ್ಲಿ ಇದು ಮೊದಲಿನದಕ್ಕಿಂತ ಉತ್ತಮ, ಅದನ್ನು ಒಪ್ಪಲೇಬೇಕು. ಮುಂಗಾರಿನ ಆಹಾರ ಮತ್ತು ಎಣ್ಣೆಕಾಳು ಬೆಳೆಗೆ ರೈತ ಕಟ್ಟುವುದು ವಿಮಾ ಮೊತ್ತದ ಶೇ. 2. ಉಳಿದ ಕಂತನ್ನು ಕೇಂದ್ರ ಮತ್ತು ರಾಜ್ಯ ಸರ್ಕಾರಗಳು ಭರಿಸುತ್ತವೆ. ಕಳೆದ ಏಳು ವರ್ಷದಲ್ಲಿ ಒಳ್ಳೆಯ ಐದು ವರ್ಷದ ಇಳುವರಿಯ ಸರಾಸರಿ ತೆಗೆಯುತ್ತಾರೆ, ಅಂದರೆ ಕೆಟ್ಟ ಎರಡು ವರ್ಷ ರೈತನ ಮೈಮೇಲೆ ಬೀಳುವುದಿಲ್ಲ. ಆಲಿಕಲ್ಲು, ಹೊಲಕ್ಕೆ ನೀರು ನುಗ್ಗಿದ್ದು ಇಂಥ ಸ್ಥಳೀಯ ಹಾನಿಗೆ 72 ಗಂಟೆಯೊಳಗೆ ತಿಳಿಸಿದರೆ ಒಬ್ಬೊಬ್ಬರ ಹೊಲವನ್ನೂ ನೋಡುವ ಅವಕಾಶ ಇದೆ.

ಆದರೆ ಅಪಾಯ ಹೆಚ್ಚಿದ್ದ ಕಡೆ ರಕ್ಷಣೆ ಕಮ್ಮಿ ಎನ್ನುವ ಹಳೇ ಗುಣ ಹೋಗಲಿಲ್ಲ. ಈಗಿನ ಮಟ್ಟಗಳು ಶೇ. 90, 80, 70. ಶೇ. 70 ಯಾರಿಗೆ ಅಂತ ನಿಮಗೆ ಹೇಳಬೇಕಿಲ್ಲ. ಇನ್ನು ಅಪ್ಪನಿಗೆ ಬಂದ ತೊಂದರೆ, ಹೂ ಬಿಡುವಾಗ ಮಳೆ ನಿಲ್ಲುವುದು, ಅದು ಒಬ್ಬನ ಹೊಲದ ಹಾನಿ ಎಂದು ಪರಿಗಣಿಸುವುದಿಲ್ಲ. ಅದಕ್ಕೆ ಇಡೀ ಪ್ರದೇಶದ ಸರಾಸರಿ ಇಳುವರಿಯೇ ಗತಿ. ಮುಖ್ಯ ಬೆಳೆಗೆ ಆ ಪ್ರದೇಶ ಅಂದರೆ ಗ್ರಾಮ ಪಂಚಾಯಿತಿ. ಪಂಚಾಯಿತಿಯಲ್ಲಿ ಬೆಳೆ ಕಟಾವು ಪ್ರಯೋಗ ಎಷ್ಟು ಕಡೆ ಮಾಡಬೇಕು? ನಿಯಮದ ಪ್ರಕಾರ ಕನಿಷ್ಠ ನಾಲ್ಕು. ಲಾಟರಿ ಎತ್ತಿದ ಹಾಗೆ ಆಯ್ದ ನಾಲ್ಕು ಹೊಲಗಳಲ್ಲಿ, ಕೆಲವೇ ಮೀಟರ್ ಉದ್ದಗಲದ ತುಂಡಿನಲ್ಲಿ ಕೊಯ್ದು, ತೂಗಿ, ಮೊಬೈಲ್ ಆ್ಯಪ್‌ನಲ್ಲಿ ಹಾಕುತ್ತಾರೆ.

ನಮ್ಮ ಮಳೆ ಹೊಲದ ಅಂಕಿಗಳನ್ನೇ ಒಂದು ಪಂಚಾಯಿತಿಯ ಏಳು ವರ್ಷದ ಇಳುವರಿ ಅಂತ ತಗೊಳ್ಳಿ. ಒಳ್ಳೆಯ ಐದು ವರ್ಷ 5, 6, 7, 9, 11. ಸರಾಸರಿ 7.6. ಶೇ. 70 ಅಂದರೆ 5.32. ಪಂಚಾಯಿತಿಯ ಈ ವರ್ಷದ ಇಳುವರಿ ಇದಕ್ಕಿಂತ ಇಳಿದರೆ, ಇಳಿದಷ್ಟಕ್ಕೆ ಪರಿಹಾರ. ಈ ವರ್ಷ ನಾಲ್ಕು ಕಟಾವಿನಲ್ಲಿ ಬಂದದ್ದು 8, 7, 6, 1. ಮೂರು ತಗ್ಗಿನ ಕರಿ ಹೊಲ, ಇಪ್ಪತ್ತು ದಿನ ಮಳೆ ಇಲ್ಲದಿದ್ದರೂ ಹಸಿ ಹಿಡಿದುಕೊಂಡವು. ಒಂದು ದಿಬ್ಬದ ಮೇಲಿನ ತೆಳು ಮಣ್ಣಿನ ಹೊಲ, ಸುಟ್ಟುಹೋಯಿತು. ಸರಾಸರಿ 5.5. ಗೆರೆಗಿಂತ 0.18 ಮೇಲೆ. ಇಡೀ ಪಂಚಾಯಿತಿಗೆ ಪರಿಹಾರ ಸೊನ್ನೆ. ದಿಬ್ಬದ ಮೇಲೆ ಬಿತ್ತಿದ ಎಲ್ಲರಿಗೂ ಸೊನ್ನೆ.

ಈಗ ಹರವಿನ ಲೆಕ್ಕ ಹಾಕಿ. 5.5ರಿಂದ ದೂರಗಳು 2.5, 1.5, 0.5, -4.5. ವರ್ಗಗಳ ಮೊತ್ತ 29. ಇದು ಇಡೀ ಪಂಚಾಯಿತಿಯಲ್ಲ, ಬರೀ ನಾಲ್ಕರ ಮಾದರಿ. ಆದ್ದರಿಂದ 4ರ ಬದಲು 3ರಿಂದ ಭಾಗಿಸಬೇಕು. ವರ್ಗಮೂಲ ತೆಗೆದರೆ ಸುಮಾರು 3.1. ನಾಲ್ಕೇ ಮಾದರಿಯಿಂದ ತೆಗೆದ ಸರಾಸರಿ ಎಷ್ಟು ಅಲ್ಲಾಡಬಹುದು ಅಂತ ತಿಳಿಯಲು ಇದನ್ನು 4ರ ವರ್ಗಮೂಲದಿಂದ, ಅಂದರೆ 2ರಿಂದ, ಭಾಗಿಸಬೇಕು. ಸುಮಾರು 1.5 ಕ್ವಿಂಟಲ್. ಅಂದರೆ ಸರಿಯಾಗಿ ಬರೆಯುವುದಾದರೆ ಆ ಪಂಚಾಯಿತಿಯ ಇಳುವರಿ '5.5, ಒಂದೂವರೆ ಹೆಚ್ಚು ಕಮ್ಮಿ'. ಲಾಟರಿಯಲ್ಲಿ ದಿಬ್ಬದ ಇನ್ನೊಂದು ಹೊಲ ಬಂದಿದ್ದರೆ ಎಲ್ಲರಿಗೂ ಪರಿಹಾರ. ಒಂದೂವರೆ ಕ್ವಿಂಟಲ್ ಅಲ್ಲಾಡುವ ತಕ್ಕಡಿಯಲ್ಲಿ 0.18 ಕ್ವಿಂಟಲಿನ ತೀರ್ಪು ಕೊಡುತ್ತಿದ್ದೇವೆ.

ಇಂಥ ತಕ್ಕಡಿಯ ಮೇಲೆ ನಿಂತು ನೀವು ಒಂದು ಬಟನ್ನಿನ ಬಣ್ಣ ಬದಲಿಸಲ್ಲ. ನಮ್ಮಲ್ಲಿ ಎ/ಬಿ ಟೆಸ್ಟ್ ಮಾಡಿ ನಾಲ್ಕು ಜನರ ಮೇಲೆ ತೀರ್ಮಾನ ಹೇಳಿದವನನ್ನು ಚಹಾ ಅಂಗಡಿಯಲ್ಲಿ ವಾರಗಟ್ಟಲೆ ಆಡಿಕೊಳ್ತೀವಿ.

'ಹಾಗಾದರೆ ಪ್ರತಿ ಹೊಲ ಅಳೆಯೋಕಾಗುತ್ತಾ?' ಅಂತ ಕೇಳಬಹುದು. ಆಗಲ್ಲ. ಆ ತೊಡಕನ್ನು ಮೊದಲು ಗಂಭೀರವಾಗಿ ಯೋಚಿಸಿದವರಲ್ಲಿ ಒಬ್ಬರು ನಮ್ಮ ಮೈಸೂರು ಸಂಸ್ಥಾನದ ಅಧಿಕಾರಿಯೇ. ಜೆ.ಎಸ್. ಚಕ್ರವರ್ತಿ 1920ರಲ್ಲಿ ಭಾರತಕ್ಕೆ ಹೊಂದುವ ಕೃಷಿ ವಿಮೆಯ ಪುಸ್ತಕವನ್ನೇ ಬರೆದರು. ಒಬ್ಬೊಬ್ಬ ರೈತನ ನಷ್ಟ ಅಳೆಯುವುದು ಬೇಡ, ಪ್ರದೇಶದ ಮಳೆ ಅಳೆದು ಪರಿಹಾರ ಕೊಡಿ ಎನ್ನುವುದು ಅವರ ವಾದ. 1970ರ ದಶಕದಲ್ಲಿ ಪುಣೆಯ ಅರ್ಥಶಾಸ್ತ್ರಜ್ಞ ವಿ.ಎಂ. ದಾಂಡೇಕರ್ ಪ್ರದೇಶ ಆಧಾರಿತ ವಿಮೆಯನ್ನು ಮತ್ತೆ ಎತ್ತಿ ಹಿಡಿದರು. ಅದೇ ಇವತ್ತಿನ ಯೋಜನೆಗಳ ತಳಪಾಯ. ಖರ್ಚು ಕಮ್ಮಿ, ಸುಳ್ಳು ಲೆಕ್ಕಕ್ಕೆ ಆಸ್ಪದ ಕಮ್ಮಿ, ಬೆಳೆ ನಿರ್ಲಕ್ಷಿಸಿ ಪರಿಹಾರ ಕೇಳುವವರಿಗೂ ದಾರಿ ಇಲ್ಲ. ಒಳ್ಳೆಯ ಕಾರಣಗಳೇ.

ಆದರೆ ದಾಂಡೇಕರ್ ಹೇಳಿದ ಪ್ರದೇಶಕ್ಕೆ ಒಂದು ವಿಶೇಷಣ ಇತ್ತು: ಏಕರೂಪದ ಪ್ರದೇಶ. ಒಬ್ಬನ ಹೊಲ ಒಣಗಿದರೆ ಪಕ್ಕದವನದೂ ಒಣಗಿರಬೇಕು. ಲೆಕ್ಕದ ಭಾಷೆಯಲ್ಲಿ ಹೇಳುವುದಾದರೆ ಪ್ರದೇಶದ ಒಳಗಿನ ಹರವು ಕಮ್ಮಿ ಇರಬೇಕು. ಇಡೀ ವ್ಯವಸ್ಥೆ ನಿಂತಿರುವುದೇ ಈ ಶರತ್ತಿನ ಮೇಲೆ. ರೈತನ ಕೈಗೆ ಬರುವ ಕಾಗದದಲ್ಲಿ ಆ ಶರತ್ತು ಈ ವರ್ಷ ಈ ಪಂಚಾಯಿತಿಯಲ್ಲಿ ನಿಂತಿದೆಯೋ ಬಿದ್ದಿದೆಯೋ ಅಂತ ಎಲ್ಲಿದೆ? 8, 7, 6, 1 ಅನ್ನುವ ನಾಲ್ಕು ಅಂಕಿ ನೋಡಿದವರಿಗೆ ಅದು ಬಿದ್ದಿದೆ ಅಂತ ಕ್ಷಣದಲ್ಲಿ ಗೊತ್ತಾಗುತ್ತದೆ. 5.5 ಅನ್ನುವ ಒಂದೇ ಅಂಕಿ ನೋಡಿದವರಿಗೆ ಜನ್ಮದಲ್ಲಿ ಗೊತ್ತಾಗುವುದಿಲ್ಲ.

ಸರಾಸರಿಯ ಹೊಟ್ಟೆ ಸೀಳಿ ನೋಡುವುದು ಕರ್ನಾಟಕಕ್ಕೆ ಹೊಸದೇನಲ್ಲ. 2002ರಲ್ಲಿ ಡಾ. ಡಿ.ಎಂ. ನಂಜುಂಡಪ್ಪ ಸಮಿತಿ ಮಾಡಿದ್ದು ಅದೇ ಕೆಲಸ. ರಾಜ್ಯದ ಸರಾಸರಿ ಚೆನ್ನಾಗಿದೆ ಅಂತ ಸುಮ್ಮನಾಗದೆ 175 ತಾಲ್ಲೂಕುಗಳನ್ನು 35 ಸೂಚ್ಯಂಕಗಳಿಂದ ಬೇರೆ ಬೇರೆಯಾಗಿ ಅಳೆಯಿತು. 114 ತಾಲ್ಲೂಕು ಹಿಂದುಳಿದಿವೆ, ಅದರಲ್ಲಿ 39 ಅತ್ಯಂತ ಹಿಂದುಳಿದಿವೆ ಅಂತ ಪಟ್ಟಿ ಕೊಟ್ಟಿತು. ಅಲ್ಲಿಯವರೆಗೆ ನಮ್ಮ ಭಾಗದವರು 'ಅನ್ಯಾಯ ಆಗ್ಯಾದ' ಅಂದರೆ ಗೊಣಗಾಟ ಅನ್ನಿಸುತ್ತಿತ್ತು. ಆಮೇಲೆ ಕೈಯಲ್ಲಿ ಅಂಕಿ ಇತ್ತು. ಮುಂದೆ 371(ಜೆ) ಕೇಳುವಾಗ ಆ ಅಂಕಿ ಬಾಯಿಗೆ ಬಲ ಕೊಟ್ಟಿತು.

ನಾನು ಕೇಳುತ್ತಿರುವುದು ಅದೇ ಕೆಲಸವನ್ನು ತಾಲ್ಲೂಕಿನಿಂದ ಕೆಳಗಿಳಿಸಿ ಅಂತ.

ಮೊದಲನೆಯದು, ಪಂಚಾಯಿತಿಯ ಇಳುವರಿ ಪ್ರಕಟಿಸುವಾಗ ರೈತರ ಹೆಸರು ಬಿಟ್ಟು ನಾಲ್ಕೂ ಕಟಾವಿನ ಅಂಕಿ, ಅವುಗಳ ಮಾನಕ ವಿಚಲನೆ ಜೊತೆಗೇ ಹಾಕಿ. ಅಂಕಿಗಳು ಮೊಬೈಲಿನಲ್ಲಿ ಆಗಲೇ ಬಂದು ಕೂತಿವೆ. ಇದಕ್ಕೆ ಹೊಸ ಯಂತ್ರ ಬೇಡ, ನಮ್ಮಲ್ಲಿ ಯಾರಾದರೂ ಒಂದು ಮಧ್ಯಾಹ್ನದಲ್ಲಿ ಬರೆದುಕೊಡುವಷ್ಟು ಕೋಡ್ ಸಾಕು.

ಎರಡನೆಯದು, ಗೆರೆಗೂ ಸರಾಸರಿಗೂ ಇರುವ ಅಂತರ ಅಳತೆಯ ಅಲ್ಲಾಟಕ್ಕಿಂತ ಕಮ್ಮಿ ಇದ್ದರೆ ಹೆಚ್ಚಿನ ಕಟಾವು ಮಾಡಿ. ಕೊಯ್ಲು ಮುಗಿದು ಅದೂ ಆಗದಿದ್ದರೆ ಸಂದೇಹದ ಲಾಭ ರೈತನಿಗೆ ಕೊಡಿ.

ಮೂರನೆಯದು, ಮಳೆ 'ನಾರ್ಮಲ್' ಅನ್ನುವಾಗ ಪಕ್ಕದಲ್ಲಿ ವಾರದ ಹರವನ್ನೂ ಹೇಳಿ. ಕರ್ನಾಟಕ ರಾಜ್ಯ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರ ಗ್ರಾಮ ಪಂಚಾಯಿತಿ ಮಟ್ಟದಲ್ಲಿ ಮಳೆಮಾಪಕ ಕೂರಿಸಿದೆ, ಹದಿನೈದು ನಿಮಿಷಕ್ಕೊಮ್ಮೆ ಅಂಕಿ ಬರುತ್ತದೆ. ಇಷ್ಟು ಸೂಕ್ಷ್ಮವಾಗಿ ಅಳೆದು ಕೊನೆಗೆ ಜನರಿಗೆ ಜಿಲ್ಲೆಯ ಒಂದೇ ಶೇಕಡಾವಾರು ಹೇಳುವುದು, ಬೋರ್‌ವೆಲ್ ಕೊರೆಸಿ ಚೊಂಬಿನಲ್ಲಿ ನೀರು ಸೇದಿದ ಹಾಗೆ.

ನಾಲ್ಕನೆಯದು, ಹರವು ಹೆಚ್ಚಿದ್ದ ಕಡೆ ರಕ್ಷಣೆ ಕಮ್ಮಿ ಮಾಡುವ ಪದ್ಧತಿಯನ್ನು ಬಿಡಿ. ಅದರ ಖರ್ಚು ಸರ್ಕಾರದ ಮೇಲೆ ಬೀಳುತ್ತದೆ, ಗೊತ್ತು. ಈಗ ಆ ಖರ್ಚು ಎಲ್ಲೂ ಮಾಯವಾಗಿಲ್ಲ. ದಿಬ್ಬದ ಹೊಲದವನು ಬಡ್ಡಿ ಲೆಕ್ಕದಲ್ಲಿ ಭರಿಸುತ್ತಿದ್ದಾನೆ.

ಇವನ್ನು ಯಾರು ಕೇಳಬೇಕು? ಅಪ್ಪ ಕೇಳುವುದನ್ನು ಕೇಳಿದ್ದಾನೆ. 'ನನ್ನ ಚೀಲ ಯಾಕ ಖಾಲಿ ಅದಾವ' ಅನ್ನುವುದು ಅವನ ಭಾಷೆಯಲ್ಲಿ ಪಿ99ರ ಪ್ರಶ್ನೆಯೇ. ಅದನ್ನು ಕಚೇರಿಯವರಿಗೆ ತಿಳಿಯುವ ಭಾಷೆಗೆ ತರುವುದು ಹಳ್ಳಿಯಿಂದ ಬಂದು ಲೆಕ್ಕ ಕಲಿತ ನಮ್ಮಂಥವರ ಕೆಲಸ. ಅದನ್ನು ಬಿಟ್ಟು ನಾವೇ ಕ್ಯಾಂಟೀನಿನಲ್ಲಿ ಕೂತು 'ನಾರ್ಮಲ್ ಅಂತೆ' ಅನ್ನುತ್ತಿದ್ದರೆ, ಕಲಿತದ್ದು ಬರೀ ಸಂಬಳಕ್ಕೆ ಅಂತಾಯಿತು.

ಆ ದಿನ ನಾನು ಗೆಳೆಯನಿಗೆ ಟಿಶ್ಯೂ ಪೇಪರಿನ ಮೇಲೆ ನಾಲ್ಕು ಅಂಕಿ ಬರೆದು ತೋರಿಸಿದೆ: 8, 7, 6, 1. "ಸರಾಸರಿ ಎಷ್ಟು?" ಅಂದೆ. "ಐದೂವರೆ" ಅಂದ. "ಇದು ನಿನ್ನ ನಾಲ್ಕು ಸರ್ವರ್ ಅಂದುಕೋ. ಏನು ಮಾಡ್ತೀಯ?"

"ಆ ಒಂದು ಬಂದಿದೆಯಲ್ಲ, ಅದನ್ನ ಮೊದಲು ನೋಡ್ತೀನಿ" ಅಂದ.

"ಅದೇ ನಮ್ಮಪ್ಪ" ಅಂದೆ.

ಅವನು ಮಾತಾಡಲಿಲ್ಲ. ಸ್ವಲ್ಪ ಹೊತ್ತಾದ ಮೇಲೆ ಕೇಳಿದ: "ಆ ಕಟಾವಿನ ಅಂಕಿಗಳು ಎಲ್ಲಿ ಸಿಗುತ್ತವೆ?"

ಕೇಳಬೇಕಾದ ಪ್ರಶ್ನೆ ಅದೇ. ನೀವೂ ನಿಮ್ಮ ನಿಮ್ಮ ಊರಿನ ಪಂಚಾಯಿತಿಯನ್ನು ಕೇಳಿ.